ಪಳಗಿದ ಬಾಣಲೆ

ಕನ್ನಡ ಪಾಠ ಹೇಳಿ ಹೊಟ್ಟೆ ಹೊರೆಯುವವನಿಗೂ ಸೋಯಾ ಸಾಸಿನ ಸೀಸೆಗೂ ಏನು ನಂಟು ಎಂದು ನೀವು ಕೇಳಬಹುದು. ನಂಟು ಹಳೆಯದು, ಆದರೆ ಅದನ್ನು ಇಪ್ಪತ್ತು ವರ್ಷಗಳಿಂದ ಮನೆಯವರಿಗೆ ತಿಳಿಯದಂತೆ ಕಾಪಾಡಿಕೊಂಡು ಬಂದಿದ್ದೇನೆ. ಸಂಜೆ ಕಾಲೇಜು ಬಿಟ್ಟಮೇಲೆ ನಮ್ಮ ಎಸ್.ಎಸ್. ಬಡಾವಣೆಯ ತಿರುವಿನಲ್ಲಿ ನಿಲ್ಲುವ ಕೈಗಾಡಿಯ ಮುಂದೆ, ಬೀದಿದೀಪದ ಬೆಳಕು ಬೀಳದ ಕಡೆ ನೋಡಿ ನಿಂತು, ಒಂದು ತಟ್ಟೆ ಗೋಬಿ ಮಂಚೂರಿ ತಿಂದು, ಬಾಯಿ ಒರಸಿಕೊಂಡು, ಜೇಬಿನಲ್ಲಿಟ್ಟ ಏಲಕ್ಕಿಯನ್ನು ಅಗಿಯುತ್ತ ಮನೆಗೆ ಹೋಗುವುದು ನನ್ನ ಪದ್ಧತಿ. ಅದರಲ್ಲಿ ಅಡಗಿಸುವಂಥದು ಏನೂ ಇಲ್ಲ, ಹೂಕೋಸು ಹೂಕೋಸೇ. ಆದರೂ ಬೆಳಗ್ಗೆ ರಾಘವಾಂಕನನ್ನು ಹೇಳಿದ ಬಾಯಿ ಸಂಜೆ ಕೆಂಪಗಾಗಿರುವುದನ್ನು ವಿದ್ಯಾರ್ಥಿಗಳು ಕಂಡರೆ ಏನೆಂದುಕೊಂಡಾರು ಎಂಬ ಸಂಕೋಚ. ಅವರೂ ಅದೇ ಗಾಡಿಗೆ ಬರುತ್ತಾರೆ, ನನ್ನನ್ನು ಕಂಡು ಅವರೂ ಕತ್ತಲೆಗೆ ಸರಿಯುತ್ತಾರೆ ಎಂಬುದು ಆಮೇಲೆ ತಿಳಿದ ಸಂಗತಿ.

ಆ ಕೆಂಪು ಈಗ ಇಲ್ಲ. ೨೦೨೪ರ ಮಾರ್ಚಿಯಲ್ಲಿ ನಮ್ಮ ಸರ್ಕಾರ ಗೋಬಿ ಮಂಚೂರಿಗೆ ಕೃತಕ ಬಣ್ಣ ಬೆರೆಸಕೂಡದೆಂದು ವಿಧಿಸಿತು. ಪರೀಕ್ಷೆಗೆ ಎತ್ತಿಕೊಂಡ ೧೭೧ ಮಾದರಿಗಳಲ್ಲಿ ೧೦೭ರಲ್ಲಿ ಹೊಟ್ಟೆಗೆ ಹೋಗಬಾರದ ಬಣ್ಣ ಸಿಕ್ಕಿತ್ತು. ಅಂದಿನಿಂದ ನಮ್ಮ ಗಾಡಿಯ ಮಂಚೂರಿ, ಹಲವು ಸಲ ಒಗೆದ ಕಾವಿ ಬಟ್ಟೆಯ ಬಣ್ಣಕ್ಕೆ ತಿರುಗಿದೆ. ರುಚಿಯಲ್ಲಿ ಹೆಚ್ಚು ಕಡಮೆ ಕಾಣೆ. ನನ್ನ ಸಂಕೋಚ ಮಾತ್ರ ಕೊಂಚ ಕಡಮೆಯಾಯಿತು.

ಮಂಚೂರಿಯಾ ಎಂಬುದು ಚೀನದ ಈಶಾನ್ಯ ಮೂಲೆಯ ಸೀಮೆ. ಅಲ್ಲಿಯವರಿಗೂ ಈ ತಿನಿಸಿಗೂ ಯಾವ ಸಂಬಂಧವೂ ಇಲ್ಲ. ಕಲ್ಕತ್ತೆಯಲ್ಲಿ ಹುಟ್ಟಿದ, ಚೀನೀ ಮೂಲದ ನೆಲ್ಸನ್ ವಾಂಗ್ ಎಂಬ ಅಡಿಗೆಯವರು ೧೯೭೫ರಲ್ಲಿ ಮುಂಬಯಿಯ ಕ್ರಿಕೆಟ್ ಕ್ಲಬ್ಬಿನಲ್ಲಿ ಯಾರೋ ಹೊಸದೇನಾದರೂ ಮಾಡಿಕೊಡಿ ಎಂದಾಗ ಶುಂಠಿ, ಬೆಳ್ಳುಳ್ಳಿ, ಹಸಿಮೆಣಸಿನಕಾಯಿ ಕೊಚ್ಚಿ ಹುರಿದು, ಅದರ ಮೇಲೆ ಗರಂ ಮಸಾಲೆ ಹಾಕುವ ಬದಲು ಸೋಯಾ ಸಾಸು ಸುರಿದರಂತೆ. ಒಗ್ಗರಣೆ ನಮ್ಮದು, ಸಾರು ಅವರದು. ಅದರಲ್ಲಿ ಬೆಂದದ್ದು ಕೋಳಿ. ಕೋಳಿ ಹೋಗಿ ಹೂಕೋಸು ಬಂದದ್ದು ಆಮೇಲೆ, ನಮ್ಮಂಥವರ ದೆಸೆಯಿಂದ. ಆ ಬದಲಾವಣೆ ಮಾಡಿದ ಪುಣ್ಯಾತ್ಮನ ಚಾತುರ್ಯವನ್ನು ನೋಡಿ: ಮಾಂಸದ ತುಂಡಿನ ಗಾತ್ರಕ್ಕೇ ಹೂಕೋಸನ್ನು ಮುರಿದ, ಮಾಂಸಕ್ಕೆ ಹಚ್ಚುವ ಹಿಟ್ಟನ್ನೇ ಅದಕ್ಕೂ ಹಚ್ಚಿದ, ಮಾಂಸ ಕರಿದಂತೆಯೇ ಕರಿದ. ಪದಕ್ಕೆ ಪದವಿಟ್ಟ ಭಾಷಾಂತರ! ನಮ್ಮ ಊರಿನವರು ಮೂಲವನ್ನು ಓದಲೇ ಇಲ್ಲ. ಭಾಷಾಂತರವನ್ನೇ ಮೂಲವೆಂದು ಭಾವಿಸಿ, ಬೆಣ್ಣೆ ದೋಸೆ ಮಂಡಕ್ಕಿ ಮಿರ್ಚಿಗಳ ಪಂಕ್ತಿಯಲ್ಲಿ ಅದಕ್ಕೂ ಒಂದು ಮಣೆ ಹಾಕಿದರು. ಬೆಣ್ಣೆ ದೋಸೆಯೂ ಬೆಳಗಾವಿಯ ಕಡೆಯಿಂದ ವಲಸೆ ಬಂದ ಚೆನ್ನಮ್ಮನೆಂಬ ತಾಯಿಯ ಮನೆಯಿಂದ ಬೆಳೆದದ್ದೆಂದು ಊರಿನ ಹಿರಿಯರು ಹೇಳುತ್ತಾರೆ. ದಾವಣಗೆರೆಯ ನಾಲಗೆ ಬಂದವರನ್ನು ಊರು ಕೇಳುವುದಿಲ್ಲ.

ಇಷ್ಟು ಪೀಠಿಕೆ ಏಕೆಂದರೆ, ಹೋದ ಸಂಕ್ರಾಂತಿಗೆ ಮೂಲವೇ ನಮ್ಮ ಮನೆಗೆ ಬಂದುಬಿಟ್ಟಿತು.

ಬೆಂಗಳೂರಿನಲ್ಲಿ ಓದುತ್ತಿರುವ ಮಗಳು ಹಬ್ಬಕ್ಕೆ ಬರುವಾಗ ತನ್ನ ಕೋಣೆಯ ಗೆಳತಿಯನ್ನು ಜೊತೆಗೆ ಕರೆತಂದಳು. ಆಕೆಯ ಊರು ಶಿಲ್ಲಾಂಗ್, ಖಾಸಿ ಜನ. ನಾಲ್ಕು ದಿನದ ರಜೆಯಲ್ಲಿ ಅಷ್ಟು ದೂರ ಹೋಗಿಬರುವುದು ಆಗದ ಮಾತು. ಗುವಾಹಟಿಗೇ ರೈಲಿನಲ್ಲಿ ಎರಡು ಹಗಲು ಎರಡು ರಾತ್ರಿ ಮೀರುತ್ತದೆ, ಅಲ್ಲಿಂದ ಮುಂದೆ ಬೆಟ್ಟದ ದಾರಿ. ಅವರು ಬರುವುದಕ್ಕೆ ಮೊದಲೇ ಮಗಳು ಫೋನಿನಲ್ಲಿ ತಾಯಿಯ ಕಿವಿಯಲ್ಲಿ ಏನೋ ಹಾಕಿದ್ದಳು. ಮರುದಿನ ನಮ್ಮಾಕೆ ಮಂಡಿಪೇಟೆಗೆ ಹೋಗಿ ಒಂದು ಹೊಸ ಕಬ್ಬಿಣದ ಬಾಣಲೆ ತಂದು, ಸುತ್ತಿದ ಕಾಗದವನ್ನೂ ಬಿಚ್ಚದೆ ಅಟ್ಟಕ್ಕೆ ಏರಿಸಿದಳು. ಏತಕ್ಕೆಂದು ನಾನು ಕೇಳಲಿಲ್ಲ. ಇಪ್ಪತ್ತೆರಡು ವರ್ಷ ಸಂಸಾರ ಮಾಡಿದವನು ಕೇಳಬಾರದ ಪ್ರಶ್ನೆಗಳನ್ನು ದೂರದಿಂದಲೇ ಗುರುತಿಸಬಲ್ಲ.

ನಮ್ಮದು ಲಿಂಗವಂತರ ಮನೆ. ಅವ್ವನಿಗೆ ಎಪ್ಪತ್ತೆಂಟು. ಬೆಳಗಿನ ಪೂಜೆ ಮುಗಿಯುವವರೆಗೆ ಬಾಯಿಗೆ ನೀರು ಹಾಕುವವಳಲ್ಲ. ಮೊಟ್ಟೆಯ ಸಿಪ್ಪೆ ಕೂಡ ಈ ಹೊಸ್ತಿಲು ದಾಟಿ ಬಂದಿಲ್ಲ. ಹಾಗೆಂದು ಮಡಿ ಹಿಡಿದು ಗೊಣಗುವ ಮುದುಕಿಯೆಂದು ನೀವು ತಿಳಿಯಬಾರದು. ಬಂದ ಹುಡುಗಿಯನ್ನು ಪಕ್ಕಕ್ಕೆ ಕೂಡಿಸಿಕೊಂಡು ಊರು, ಕೇರಿ, ತಂದೆ, ತಾಯಿ, ಹೊಲ, ಮನೆ ಎಲ್ಲವನ್ನೂ ವಿಚಾರಿಸಿದಳು. ದುಭಾಷಿಯ ಕೆಲಸ ನನ್ನ ಪಾಲಿಗೆ ಬಂತು. ಮಗಳು ಮಾಡಬಹುದಾಗಿತ್ತು, ಆದರೆ ಅವಳ ಭಾಷಾಂತರ ತೀರ ಚಿಕ್ಕದು. ಅವ್ವ ನಾಲ್ಕು ನಿಮಿಷ ಮಾತಾಡಿದರೆ ಅವಳು ಎರಡು ಪದದಲ್ಲಿ ಮುಗಿಸುತ್ತಾಳೆ. ನಾನೋ ವಿಭಕ್ತಿ ಪ್ರತ್ಯಯಗಳ ಸಮೇತ ದಾಟಿಸುವವನು. ಹುಡುಗಿಗೆ ಬೆಂಗಳೂರಿನ ಆಟೋದವರ ಜೊತೆ ಆಡುವ ನಾಲ್ಕಾರು ಕನ್ನಡ ಪದ ಬರುತ್ತವೆಂದು ಮಗಳು ಹೇಳಿದ್ದಳು. ನಾನು ಅಷ್ಟನ್ನೇ ನಂಬಿದ್ದೆ.

ಖಾಸಿಗಳಲ್ಲಿ ಕುಲದ ಹೆಸರು ತಾಯಿಯಿಂದ ಬರುತ್ತದೆ. ಮನೆ ಸೇರುವುದು ಕಿರಿಯ ಮಗಳಿಗೆ. ಇದನ್ನು ನಾನು ಕನ್ನಡಕ್ಕೆ ತಂದಾಗ ಅವ್ವನ ಮುಖ ನೋಡಬೇಕಾಗಿತ್ತು. ಅವಳು ತಂದೆಯ ಕಿರಿಯ ಮಗಳು. ತೌರಿನಿಂದ ತಂದದ್ದು ಒಂದು ಕಬ್ಬಿಣದ ಬಾಣಲೆ, ಎರಡು ಹಿತ್ತಾಳೆ ಕೊಡ. "ಮನಿ ಕಿರೀ ಮಗಳಿಗಾ?" ಎಂದು ಎರಡು ಸಲ ಕೇಳಿ, "ಚೊಲೋ ಊರವ್ವಾ ನಿಂದು" ಎಂದಳು.

ಸಂಕ್ರಾಂತಿಯ ದಿನ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ ಕಟ್ಟಿಕೊಂಡು ಹರಿಹರಕ್ಕೆ ಹೋಗಿ ತುಂಗಭದ್ರೆಯಲ್ಲಿ ಕಾಲು ನೆನೆಸಿಕೊಂಡು ಬಂದೆವು. ಹೊಯ್ಸಳರ ದಂಡನಾಯಕ ಪೋಲಾಳ್ವ ೧೨೨೪ರ ಸುಮಾರಿಗೆ ಕಟ್ಟಿಸಿದ ಗುಡಿಯಲ್ಲಿ ಬಲಕ್ಕೆ ಹರ, ಎಡಕ್ಕೆ ಹರಿ, ಇಬ್ಬರೂ ಒಂದೇ ಮೈಯಲ್ಲಿ ನಿಂತಿರುವುದನ್ನು ತೋರಿಸಿ ನಾನು ಒಂದು ಸಣ್ಣ ಉಪನ್ಯಾಸವನ್ನೇ ಕೊಟ್ಟೆ. ಹುಡುಗಿ ಶ್ರದ್ಧೆಯಿಂದ ಕೇಳಿ, ಮಗಳ ಕಿವಿಯಲ್ಲಿ ಏನೋ ಅಂದಳು. ಇಬ್ಬರೂ ಕಿಸಕ್ಕನೆ ನಕ್ಕರು. ಏನೆಂದರೆ, ದೇವರೇ ಹೀಗಿರುವ ಊರಿನಲ್ಲಿ ತನ್ನ ಅಜ್ಜಿಯ ಅಡಿಗೆ ಖಂಡಿತ ಒಗ್ಗುತ್ತದೆ, ನಾಳೆ ರಾತ್ರಿಯ ಊಟ ತನ್ನದು, ಎಂದಳಂತೆ.

ಮರುದಿನ ಬೆಳಗ್ಗೆ ಚೀಟಿ ಹಿಡಿದು ಮಾರುಕಟ್ಟೆಗೆ ಹೊರಟೆ. ತರಕಾರಿ ಕೊಳ್ಳುವವನಿಗೆ ಪುಷ್ಯ ಮಾಸದಂಥ ಮಾಸ ಇನ್ನೊಂದಿಲ್ಲ. ಇಬ್ಬನಿ ಆರದ ಹೂಕೋಸು ಕೈಗೆ ತಣ್ಣಗೆ, ಗಟ್ಟಿಯಾಗಿ ಬರುತ್ತದೆ. ಬೇಸಿಗೆಯಲ್ಲಿ ಸಿಗುವ ಹಳದಿ ತಿರುಗಿದ, ಬಿಡಿಬಿಡಿಯಾದ ಹೂವಿಗೂ ಇದಕ್ಕೂ ಹೋಲಿಕೆಯೇ ಇಲ್ಲ. ಗಜ್ಜರಿಯಲ್ಲಿ ಸಿಹಿ ತುಂಬಿರುತ್ತದೆ. ಎಲೆಕೋಸು ಚಿವುಟಿದರೆ ಕರಕ್ಕೆನ್ನುತ್ತದೆ. ಹಸಿ ಬಟಾಣಿ, ಎಳೆಯ ಹುರುಳಿಕಾಯಿ, ದಪ್ಪ ಮೆಣಸಿನಕಾಯಿ, ಬಿಳಿಯ ಬೇರು ಸಮೇತ ಈರುಳ್ಳಿ ಸೊಪ್ಪು. ಚೀಟಿಯಲ್ಲಿ ಇಲ್ಲದಿದ್ದರೂ ಅವರೆಕಾಯಿಯನ್ನೂ ಒಂದು ಸೇರು ತೆಗೆದುಕೊಂಡೆ. ಆ ಕಾಲದಲ್ಲಿ ಅವರೆಕಾಯಿಯನ್ನು ಹಾಗೇ ದಾಟಿಹೋಗುವುದು ನನ್ನಿಂದಾಗದು.

ಎಡವಿದ್ದು ಕಾರ್ನ್‌ಫ್ಲೋರಿನಲ್ಲಿ. ಹಾಗೆಂದರೆ ಮೆಕ್ಕೆಜೋಳದ ಹಿಟ್ಟಲ್ಲವೆ? ನಮ್ಮದು ಮೆಕ್ಕೆಜೋಳದ ಜಿಲ್ಲೆ. ಸುಗ್ಗಿಯಲ್ಲಿ ರಸ್ತೆಯ ಅರ್ಧಕ್ಕೆ ಕಾಳು ಹರವಿ ಒಣಗಿಸುವ ಜನ ನಾವು. ಗಿರಣಿಗೆ ಹೋಗಿ ಒಂದು ಕಿಲೋ ಹಳದಿ ಹಿಟ್ಟು ಬೀಸಿಸಿಕೊಂಡು ವಿಜಯಿಯಂತೆ ಬಂದೆ. ಮಗಳು ಹಣೆ ಚಚ್ಚಿಕೊಂಡಳು. "ಅಪ್ಪಾಜಿ, ಇದು ರೊಟ್ಟಿಗೆ ಬರ್ತೈತೆ. ನಾ ಹೇಳಿದ್ದು ಬಿಳೇದು, ಪೊಟ್ಟಣದಾಗೆ ಸಿಗೋದು." ಅದು ಕಾಳಿನಿಂದ ಬೇರೆ ಮಾಡಿ ತೆಗೆದ ಪಿಷ್ಟವಂತೆ, ಹಿಟ್ಟಲ್ಲವಂತೆ. ಎಂ.ಎ. ಓದಿದವನು ಎರಡನೆಯ ಸಲ ಅಂಗಡಿಗೆ ಹೋಗಿ, ಅಂಗೈಯಗಲದ ಪೊಟ್ಟಣ ತಂದ.

ಸಂಜೆ ಅಡಿಗೆಮನೆಯಲ್ಲಿ ನನಗೆ ಹೆಚ್ಚುವ ಕೆಲಸ. ಹುಡುಗಿ ಹೂಕೋಸನ್ನು ಮುರಿಯುವುದನ್ನು ನೋಡುತ್ತಿದ್ದೆ. ಹೂವನ್ನು ಬಿಡಿಸಿಟ್ಟಮೇಲೆ, ನಾವು ಎಸೆಯುವ ದಂಟನ್ನು ಅವಳು ಎಸೆಯಲಿಲ್ಲ. ಸಿಪ್ಪೆ ತೆಗೆದು, ನಾರಿಗೆ ಅಡ್ಡಲಾಗಿ, ಕಾಗದದಷ್ಟು ತೆಳುವಾಗಿ ಕೊಯ್ದಳು. ಹೂಕೋಸಿನ ದಂಟಿನಲ್ಲಿ ಅಷ್ಟು ಎಚ್ಚರದಿಂದ ನೋಡಬೇಕಾದ ನಾರೇನೂ ಇಲ್ಲ. ಆ ಕೈ ಬೇರೆ ಏನನ್ನೋ ಕೊಯ್ದು ಪಳಗಿದ ಕೈ ಎಂಬುದು ನನಗೆ ಹೊಳೆಯಿತು. ಮಗಳು ನನ್ನತ್ತ ನೋಡಿದಳು, ನಾನು ಗಜ್ಜರಿಯತ್ತ ನೋಡಿದೆ. ಅವಳೂ ಆ ಕೋಣೆಯಲ್ಲಿ ಭಾನುವಾರ ಅದನ್ನು ಉಣ್ಣುತ್ತಾಳೆಯೆ? ನಾನು ಕೇಳಿಲ್ಲ, ಅವಳು ಹೇಳಿಲ್ಲ.

ಈ ಅಡಿಗೆಯ ಗುಟ್ಟು ಮಸಾಲೆಯಲ್ಲಿಲ್ಲ, ಬೆಂಕಿಯಲ್ಲಿದೆ. ತುಂಡುಗಳಿಗೆ ಸೋಯಾ ಸಾಸು, ಮೆಣಸಿನ ಪುಡಿ, ಎರಡು ಚಮಚ ಪಿಷ್ಟ ಸವರಿ ಅರ್ಧ ಗಂಟೆ ಬಿಡಬೇಕು. ಪಿಷ್ಟ ಮೇಲೊಂದು ಪೊರೆ ಕಟ್ಟಿಕೊಂಡು ಒಳಗಿನ ರಸವನ್ನು ಹಿಡಿದಿಡುತ್ತದೆ. ಮಿಕ್ಕ ತರಕಾರಿ ಎಲ್ಲ ಮೊದಲೇ ಹೆಚ್ಚಿ ಸಾಲಾಗಿ ಸಿದ್ಧವಾಗಿರಬೇಕು, ಏಕೆಂದರೆ ಬಾಣಲೆ ಕಾದಮೇಲೆ ಹುಡುಕಾಡಲು ಹೊತ್ತಿಲ್ಲ. ಹೊಗೆಯಾಡುವಷ್ಟು ಕಾದ ಎಣ್ಣೆಗೆ ಶುಂಠಿ ಬೆಳ್ಳುಳ್ಳಿ. ಗಟ್ಟಿ ತರಕಾರಿ ಮೊದಲು, ಮೆತ್ತನೆಯದು ಆಮೇಲೆ, ಈರುಳ್ಳಿ ಸೊಪ್ಪು ಒಲೆ ಆರಿಸುವ ಮುನ್ನ. ಮನೆಯ ಒಲೆಗೆ ಕೈಗಾಡಿಯ ಒಲೆಯ ಭುಗಿಲು ಇಲ್ಲ. ಅದಕ್ಕೆ ಒಂದೇ ಸಲ ಎಲ್ಲವನ್ನೂ ಸುರಿಯದೆ ಹಿಡಿಹಿಡಿಯಾಗಿ ಹುರಿಯಬೇಕು. ತುಂಬಿದರೆ ತರಕಾರಿ ನೀರುಬಿಟ್ಟು, ಹುರಿಯುವ ಬದಲು ಬೇಯುತ್ತದೆ, ಪಲ್ಯವಾಗುತ್ತದೆ. ಸೋಯಾ ಸಾಸಿನಲ್ಲೇ ಉಪ್ಪಿದೆ ಎಂಬುದನ್ನು ಮರೆತು ನಾನು ಉಪಕಾರಕ್ಕೆಂದು ಒಂದು ಚಿಟಿಕೆ ಹಾಕಹೋದಾಗ ಇಬ್ಬರು ಹುಡುಗಿಯರೂ ಏಕಕಾಲಕ್ಕೆ ನನ್ನ ಕೈಹಿಡಿದರು.

ನಮ್ಮಾಕೆ ಅಟ್ಟದಿಂದ ಹೊಸ ಬಾಣಲೆ ಇಳಿಸಿ, ತೊಳೆದು ಒಲೆಯ ಮೇಲಿಟ್ಟಿದ್ದಳು. ಮೊದಲ ಹಿಡಿ ಹಾಕಿದ್ದೇ ತಡ, ಪಿಷ್ಟವೆಲ್ಲ ತಳಕ್ಕೆ ಕಚ್ಚಿ ಹೊಗೆ ಎದ್ದಿತು. ಅಷ್ಟರಲ್ಲಿ ಅವ್ವ ಬಾಗಿಲಿಗೆ ಬಂದಳು. "ಹೊಸಾ ಕಬ್ಬಿಣ, ಹಿಡೀದೆ ಏನ್ ಮಾಡ್ತೈತೆ?" ಎಂದವಳೇ ಗೋಡೆಯ ಮೊಳೆಯಲ್ಲಿ ತೂಗುತ್ತಿದ್ದ ತನ್ನ ಬಾಣಲೆಯನ್ನು ಇಳಿಸಿ ಹುಡುಗಿಯ ಕೈಗೆ ಕೊಟ್ಟಳು. "ತಗೋ. ಇದು ಪಳಗಿದ್ದು." ನಮ್ಮಾಕೆ ತಡೆಯಲು ಒಂದು ಹೆಜ್ಜೆ ಮುಂದಿಟ್ಟು ಅಲ್ಲೇ ನಿಂತಳು. ಅರವತ್ತು ವರ್ಷ ಒಗ್ಗರಣೆ ಕುಡಿದು ಕನ್ನಡಿಯಂತೆ ಕರ್ರಗೆ ಹೊಳೆಯುವ ಬಾಣಲೆ ಅದು. ಸೊಸೆಯಾಗಿ ಬಂದ ನಮ್ಮಾಕೆಗೆ ಅದನ್ನು ಮುಟ್ಟುವ ಅಧಿಕಾರ ಬಂದದ್ದು ನಾಲ್ಕನೆಯ ವರ್ಷದಲ್ಲಿ.

ಹುಡುಗಿ ಅದನ್ನು ಎರಡು ಕೈಯಲ್ಲಿ ಹಿಡಿದು ತಿರುಗಿಸಿ ನೋಡಿ ನಕ್ಕಳು. ತನ್ನ ಅಜ್ಜಿಯ ಮನೆಯಲ್ಲೂ ಇಂಥದೇ ಇದೆ, ಆದರೆ ಅದು ಚೀನದ್ದು, ಎಂದಳು. ನನಗೆ ಪಾಂಡಿತ್ಯ ಪ್ರದರ್ಶನಕ್ಕೆ ಅಷ್ಟು ಸಾಕಾಯಿತು. ಮಲೆಯಾಳಿಗಳು ಬಾಣಲೆಯನ್ನು ಚೀನಚ್ಚಟ್ಟಿ ಎಂದೇ ಕರೆಯುತ್ತಾರೆ. ನಮ್ಮ ಹಳೆಯ ಕವಿಗಳು ತಮ್ಮ ನಾಯಿಕೆಯರಿಗೆಲ್ಲ ಚೀನಾಂಬರ ಉಡಿಸಿದರು, ಯಾರೂ ಆಕ್ಷೇಪಿಸಲಿಲ್ಲ. ೧೬ನೆಯ ಶತಮಾನದ ಆದಿಯಲ್ಲಿ ಮೂರನೆಯ ಮಂಗರಸ ಬರೆದ ಸೂಪಶಾಸ್ತ್ರದಲ್ಲಿ ಬದನೆಕಾಯಿಯ ಬಗೆಬಗೆಯ ಪಾಕಗಳಿವೆ, ಆದರೆ ಮೆಣಸಿನಕಾಯಿ ಇಲ್ಲ, ಆಲೂಗಡ್ಡೆ ಇಲ್ಲ, ಈ ಹೂಕೋಸೂ ಇಲ್ಲ. ಮೊದಲಿನ ಎರಡು ಅಮೆರಿಕದಿಂದ ಪೋರ್ತುಗೀಸರ ಹಡಗು ಹತ್ತಿ ಬಂದವು, ಮೂರನೆಯದನ್ನು ೧೯ನೆಯ ಶತಮಾನದಲ್ಲಿ ಇಂಗ್ಲಿಷರು ತಂದರು. ನನ್ನ ಉಪನ್ಯಾಸ ಮುಗಿಯುವಷ್ಟರಲ್ಲಿ ಅಡಿಗೆ ಮುಗಿದಿತ್ತು.

ಊಟಕ್ಕೆ ಕುಳಿತೆವು. ಅನ್ನದ ಪಕ್ಕದಲ್ಲಿ ಹೊಳೆಯುವ ಕಂದು ತುಂಡುಗಳು, ನಡುವೆ ಹಸಿರು, ಕಿತ್ತಳೆ. ಅವ್ವ ಎರಡು ತುಂಡು ಹಾಕಿಸಿಕೊಂಡು, ಬಾಯಲ್ಲಿಟ್ಟು, ಸ್ವಲ್ಪ ಹೊತ್ತು ಯೋಚಿಸಿ, "ಹುಳಿ ಐತೆ, ಹುಣಸೆ ಅಲ್ಲ. ರುಚಿ ಐತೆ" ಎಂದು ಇನ್ನೆರಡು ಹಾಕಿಸಿಕೊಂಡಳು. ಆಮೇಲೆ ಕೇಳಿದಳು: "ಚೀನಾದ ಬಾಣಲೆ ಇವರ ಅಜ್ಜಿ ಕೈಗೆ ಹೆಂಗೆ ಬಂತಂತೆ?"

ಹುಡುಗಿ ಇಂಗ್ಲಿಷಿನಲ್ಲಿ ಹೇಳುತ್ತ ಹೋದಳು, ನಾನು ದಾಟಿಸುತ್ತ ಹೋದೆ. ಅವಳ ಅಜ್ಜಿ ಮದುವೆಯಾದ ಹೊಸದರಲ್ಲ�ಿ ಪಕ್ಕದ ಮನೆಯಲ್ಲಿ ಒಂದು ಚೀನೀ ಸಂಸಾರವಿತ್ತು. ಜೋಡು ಹೊಲಿದು ಮಾರುವವರು. ಆ ಮನೆಯಾಕೆಯಿಂದ ಅಜ್ಜಿ ಈ ಅಡಿಗೆ ಕಲಿತಳು. ಬೇಲಿಯ ಆಚೆಯಿಂದ ಅವರು, ಈಚೆಯಿಂದ ಇವರು, ಚಳಿಗಾಲದ ಗಜ್ಜರಿ ಎಲೆಕೋಸುಗಳನ್ನು ಹಂಚಿಕೊಳ್ಳುತ್ತಿದ್ದರು. ೧೯೬೨ರಲ್ಲಿ ಯುದ್ಧ ಬಂತು. ಶಿಲ್ಲಾಂಗ್ ಆಗ ಅಸ್ಸಾಮಿಗೆ ಸೇರಿತ್ತು. ಮೇಘಾಲಯ ರಾಜ್ಯವಾದದ್ದು ೧೯೭೨ರಲ್ಲಿ. ಆ ನವೆಂಬರಿನಲ್ಲಿ ಪೋಲೀಸರು ಬಂದು ಚೀನೀಯರ ಮನೆಗಳ ಬಾಗಿಲು ತಟ್ಟಿದರು. ಕೈಗೆ ಸಿಕ್ಕ ಬಟ್ಟೆಬರೆ ಕಟ್ಟಿಕೊಳ್ಳುವಷ್ಟು ಹೊತ್ತು. ಆಕೆ ಬೇಲಿಯ ಮೇಲಿಂದ ಬಾಣಲೆಯನ್ನು ಅಜ್ಜಿಯ ಕೈಗೆ ಕೊಟ್ಟು, ಬರುವತನಕ ಇಟ್ಟುಕೊಂಡಿರು ಎಂದಳಂತೆ.

ಇದು ನಾನು ಪುಸ್ತಕದಲ್ಲಿ ಓದಿದ್ದ ಸಂಗತಿ. ಅಸ್ಸಾಮಿನ ಮಾಕುಮಿನಿಂದ, ಶಿಲ್ಲಾಂಗಿನಿಂದ, ಬಂಗಾಳದ ಕೆಲವು ಕಡೆಗಳಿಂದ ಸುಮಾರು ಮೂರು ಸಾವಿರ ಮಂದಿಯನ್ನು ರೈಲಿನಲ್ಲಿ ರಾಜಸ್ಥಾನದ ದೇವಳಿಯ ಶಿಬಿರಕ್ಕೆ ಸಾಗಿಸಿದರು. ಅವರಲ್ಲಿ ಎಷ್ಟೋ ಜನ ಇಲ್ಲೇ ಹುಟ್ಟಿದವರು, ಚೀನವನ್ನು ಕಣ್ಣಿನಿಂದ ಕಾಣದವರು. ಕೆಲವರು ಅಲ್ಲಿ ವರ್ಷಗಟ್ಟಲೆ ಇದ್ದರು. ಪುಸ್ತಕದಲ್ಲಿ ಓದಿದ್ದನ್ನು ಊಟದ ತಟ್ಟೆಯ ಮುಂದೆ ಅವ್ವನಿಗೆ ಅವ್ವನ ಕನ್ನಡದಲ್ಲಿ ಹೇಳುವುದು ಬೇರೆ. ನಾನು ಒಂದು ಪದವನ್ನೂ ಬಿಡಲಿಲ್ಲ. ಚೆನ್ನಾಗಿ ಹೇಳುತ್ತಿದ್ದೇನೆಂಬ ಹೆಮ್ಮೆಯೂ ಒಳಗೊಳಗೆ ಇತ್ತೆಂದು ಕಾಣುತ್ತದೆ. ಅವ್ವ ತುತ್ತು ಹಿಡಿದ ಕೈಯನ್ನು ತಟ್ಟೆಯಲ್ಲೇ ಇಟ್ಟು ಕೇಳುತ್ತಿದ್ದಳು.

ಕೊನೆಗೆ ಎಂದಳು: "ಅಯ್ಯೋ ಶಿವನೆ. ಆಕಿ ಇದನ್ನ ಏನು ಹಾಕಿ ಮಾಡ್ತಿದ್ಲಂತೆ? ಇದೇ ಕೋಸೇನು?"

ನಾನು ಕೇಳಿದೆ. ಹುಡುಗಿ ಸಹಜವಾಗಿ ಹೇಳಿದಳು: ಬೀಫ್. ಚಳಿಗಾಲದ ತರಕಾರಿಯ ಜೊತೆಗೆ. ಈಗಲೂ ಅಜ್ಜಿ ಭಾನುವಾರ ಚರ್ಚಿನಿಂದ ಬಂದಮೇಲೆ ಆ ಬಾಣಲೆಯಲ್ಲಿ ಅದನ್ನೇ ಮಾಡುತ್ತಾಳೆ.

ಅವ್ವನಿಗೆ ಆ ಇಂಗ್ಲಿಷ್ ಪದ ತಿಳಿಯದು. ನನ್ನ ಮುಖ ನೋಡುತ್ತ ಕಾಯುತ್ತಿದ್ದಳು.

"ಅಣಬೆ ಹಾಕ್ತಿದ್ರಂತೆ, ಅವ್ವಾ" ಎಂದೆ.

ಏಕೆ ಹಾಗೆಂದೆ? ಅವ್ವ ತಟ್ಟೆ ಬಿಟ್ಟು ಎದ್ದರೆ ಎಂಬ ಭಯ ಒಂದು. ಬಡಾವಣೆಯ ಮನೆಗಳು ಒತ್ತಾಗಿವೆ, ಪಕ್ಕದ ಮನೆಯ ಕಿಟಕಿ ತೆರೆದಿತ್ತು. ಆ ಪದ ಈಚೀಚೆಗೆ ಬರಿಯ ಊಟದ ಪದವಾಗಿ ಉಳಿದಿಲ್ಲ. ೧೯೬೪ರ ಕಾಯಿದೆಯೊಂದು ಮೊದಲೇ ಇತ್ತು. ೨೦೨೦ರ ಕಾಯಿದೆ ೨೦೨೧ರಲ್ಲಿ ಜಾರಿಗೆ ಬಂದಾಗ, ಹದಿಮೂರು ವರ್ಷ ಮೀರಿದ ಎಮ್ಮೆ ಕೋಣಗಳ ಹೊರತು ಮಿಕ್ಕ ದನಕರುಗಳ ವಧೆ ನಿಷಿದ್ಧವಾಯಿತು. ನಮ್ಮ ತಟ್ಟೆಯಲ್ಲಿ ಇದ್ದದ್ದು ಹೂಕೋಸೇ ಆದರೂ ಆ ಪದ ನಮ್ಮ ಊಟದ ಮನೆಯಲ್ಲಿ ಕೇಳುವುದು ಬೇಡವೆನ್ನಿಸಿತು. ಇದೆಲ್ಲ ಆಮೇಲೆ ಕೂಡಿಸಿಕೊಂಡ ಕಾರಣ. ಆ ಕ್ಷಣದಲ್ಲಿ ನಾನು ಮಾಡಿದ್ದು ಗಾಡಿಯವನು ಮಾಡುವ ಕೆಲಸವನ್ನೇ: ಮಾಂಸ ತೆಗೆದು, ಆ ಜಾಗದಲ್ಲಿ ಅದೇ ಗಾತ್ರದ್ದು ಇನ್ನೇನನ್ನೋ ಇಟ್ಟು, ಮೇಲೆ ಹಿಟ್ಟು ಬಳಿದೆ.

ಹುಡುಗಿ ನೀರು ಕುಡಿದಳು. ಲೋಟ ಕೆಳಗಿಟ್ಟಳು. ಆಮೇಲೆ ಅವ್ವನ ಕಡೆ ತಿರುಗಿ, ಒಂದೊಂದೇ ಪದವನ್ನು ಹುಡುಕಿ ಇಡುತ್ತ, ಕನ್ನಡದಲ್ಲಿ ಹೇಳಿದಳು:

"ಹಂಗಲ್ಲ ಅಜ್ಜಿ. ಅಣಬೆ ಅಲ್ಲ. ದನದ ಮಾಂಸ."

ಬೆಂಗಳೂರಿನ ಕನ್ನಡವಲ್ಲ ಅದು, ಅವ್ವನದೇ ಕನ್ನಡ. ಎರಡೂವರೆ ವರ್ಷ ಪ್ರತಿ ರಾತ್ರಿ ಮಗಳು ಕೋಣೆಯಲ್ಲಿ ಫೋನನ್ನು ಗಟ್ಟಿಯಾಗಿ ಇಟ್ಟುಕೊಂಡು ಅಜ್ಜಿಯ ಜೊತೆ ಮಾತಾಡುತ್ತಿದ್ದುದನ್ನು ಕೇಳಿ ಕೇಳಿ ಕಲಿತದ್ದು. ಆ ಮೂರು ದಿನ ನಾನು ದಾಟಿಸಿದ ಮಾತೆಲ್ಲ ಅವಳಿಗೆ ಅರ್ಧಕ್ಕರ್ಧ ತಿಳಿಯುತ್ತಿತ್ತು. ನನ್ನ ವಿಭಕ್ತಿ ಪ್ರತ್ಯಯಗಳನ್ನು ಅವಳು ಮರ್ಯಾದೆಗಾಗಿ ಸಹಿಸಿಕೊಂಡಿದ್ದಳು.

ಮಗಳ ಮುಖ ಬಿಳಿಚಿತು. ನಮ್ಮಾಕೆ ಸಾರಿನ ಸೌಟನ್ನು ಹಿಡಿದು ನಿಂತೇ ಇದ್ದಳು. ಅವ್ವ ತಟ್ಟೆಯನ್ನು ನೋಡಿದಳು.

"ಇದರಾಗೆ?"

"ಇಲ್ಲ ಅಜ್ಜಿ. ಇದರಲ್ಲಿ ಕೋಸು. ಎಲ್ಲಾ ಕೋಸು."

ಅವ್ವ ಮತ್ತೆ ಮಾತಾಡಲಿಲ್ಲ. ತಟ್ಟೆಯಲ್ಲಿ ಒಂದೂವರೆ ತುಂಡು ಉಳಿದಿತ್ತು. ಲಿಂಗಕ್ಕೆ ತೋರಿಸಿ ಬಡಿಸಿಕೊಂಡದ್ದು ಪ್ರಸಾದ. ಅದನ್ನು ತಟ್ಟೆಯಲ್ಲಿ ಬಿಟ್ಟು ಎದ್ದವಳಲ್ಲ ಅವಳು, ಜ್ವರದಲ್ಲೂ. ಆ ಒಂದೂವರೆ ತುಂಡನ್ನು ನಿಧಾನವಾಗಿ ತಿಂದಳು. ತಟ್ಟೆ ತೊಳೆದು ಆ ನೀರನ್ನು ಕುಡಿದಳು. ಮತ್ತೆ ಹಾಕಿಸಿಕೊಳ್ಳಲಿಲ್ಲ. ಎದ್ದು ಹೋದಳು.

ರಾತ್ರಿ ಹನ್ನೊಂದರ ಸುಮಾರಿಗೆ ಹಿತ್ತಲಲ್ಲಿ ಸಪ್ಪಳವಾಯಿತು. ಹೋಗಿ ನೋಡಿದರೆ ಅವ್ವ ನಲ್ಲಿಯ ಬಳಿ ಕುಳಿತು, ಬೂದಿ ಹಾಕಿ ಬಾಣಲೆಯನ್ನು ತಿಕ್ಕುತ್ತಿದ್ದಳು. ಆ ಬಾಣಲೆಗೆ ಬೂದಿ ಮುಟ್ಟಿಸುವವಳಲ್ಲ ಅವಳು. ತಿಕ್ಕಿದರೆ ಪಳಗಿದ್ದು ಹೋಗುತ್ತದೆ ಎಂದು ಸೊಸೆಗೆ ಎಷ್ಟೋ ಸಲ ಗದರಿಸಿದ್ದಾಳೆ. ನಾನು ಪಕ್ಕದಲ್ಲಿ ಕುಕ್ಕರುಗಾಲಲ್ಲಿ ಕುಳಿತೆ. ಹುಡುಗಿಯ ಮೇಲೆ ಸಿಟ್ಟಾಯಿತೇ ಎಂದು ಕೇಳಿದೆ.

"ನನಗೆ ಅದು ಆಗಲ್ಲ ತಮ್ಮಾ. ದನ ಕಟ್ಟಿದ ಮನಿ ನಮ್ಮದು. ಹೆಸರಿಟ್ಟು ಕರದೇವಿ" ಎಂದಳು. ಇನ್ನಷ್ಟು ಹೊತ್ತು ತಿಕ್ಕಿದಳು. ಆಮೇಲೆ ನನ್ನ ಕಡೆ ನೋಡದೆಯೇ ಹೇಳಿದಳು: "ಕೇಳಿದಾಕಿ ನಾನು. ಹೇಳಿದಾಕಿ ಅವಳು. ನಡುವೆ ನಿಂದೇನು?"

ಇಪ್ಪತ್ತು ವರ್ಷ ಭಾಷೆ ಕಲಿಸಿದವನಿಗೆ ಅದಕ್ಕೆ ಉತ್ತರ ಹೊಳೆಯಲಿಲ್ಲ. ಗೋಬಿ ಮಂಚೂರಿಯ ವಿಷಯವನ್ನಾದರೂ ಹೇಳಿಬಿಡೋಣವೆಂದು ಬಾಯಿ ತೆರೆದೆ. "ಆ ಗಾಡಿ ಮುಂದೆ ನಿಲ್ಲೋದು ನನಗೆ ಗೊತ್ತೈತೆ. ಏಲಕ್ಕಿ ವಾಸನಿ ಮನಿ ತುಂಬ ಬರ್ತೈತೆ" ಎಂದು ನೀರು ಬಗ್ಗಿಸಿದಳು.

ಮರುದಿನ ಬೆಳಗ್ಗೆ ನಾನು ಏಳುವಷ್ಟರಲ್ಲಿ ಬಾಣಲೆ ಒಲೆಯ ಮೇಲೆ ಸಣ್ಣ ಉರಿಯಲ್ಲಿತ್ತು. ಅವ್ವ ಹತ್ತಿಬಟ್ಟೆಯಿಂದ ಎಣ್ಣೆ ಸವರುತ್ತ, ಹೊಗೆ ಬಿಡಿಸುತ್ತ, ಮತ್ತೆ ಸವರುತ್ತ ಕುಳಿತಿದ್ದಳು. ಅದು ಬೂದಿ ಬಣ್ಣದಿಂದ ಕಂದಿಗೆ, ಕಂದಿನಿಂದ ಕಪ್ಪಿಗೆ ತಿರುಗಲು ಎರಡು ಗಂಟೆ ಹಿಡಿಯಿತು. ಆರಿದಮೇಲೆ ತೆಗೆದುಕೊಂಡು ಹೋಗಿ ಅದೇ ಮೊಳೆಗೆ ತೂಗುಹಾಕಿದಳು. ಹೊಸ ಬಾಣಲೆ ಈಗಲೂ ಅಟ್ಟದ ಮೇಲಿದೆ, ತಳದಲ್ಲಿ ಪಿಷ್ಟದ ಕಲೆಯ ಸಮೇತ.

ಮಧ್ಯಾಹ್ನದ ರೈಲಿಗೆ ಹುಡುಗಿಯರು ಹೊರಟರು. ಅವ್ವ ಮಗಳಿಗೆ ಒಂದು, ಆ ಹುಡುಗಿಗೆ ಒಂದು, ಎರಡು ಡಬ್ಬಿಗಳಲ್ಲಿ ಶೇಂಗಾ ಹೋಳಿಗೆ ಕಟ್ಟಿಟ್ಟಿದ್ದಳು. ಎರಡೂ ಒಂದೇ ಅಳತೆಯ ಡಬ್ಬಿ. ನಾನು ಕದ್ದು ನೋಡಿದೆ. ಹುಡುಗಿ ಬಗ್ಗಿ ಅವಳ ಪಾದ ಮುಟ್ಟಿದಳು. ಅವ್ವ ತಲೆಯ ಮೇಲೆ ಕೈಯಿಟ್ಟು ಏನೋ ಕೇಳಬೇಕೆಂದಿದ್ದವಳಂತೆ ತಡೆದಳು. ನನ್ನ ಕಡೆ ನೋಡಿದಳು. ನಾನು ಬಾಯಿ ತೆರೆಯುವ ಮೊದಲೇ ಮುಖ ತಿರುಗಿಸಿ, ಹುಡುಗಿಯನ್ನೇ ಕೇಳಿದಳು, ಚಿಕ್ಕ ಮಕ್ಕಳಿಗೆ ಹೇಳುವಂತೆ ಪದಗಳನ್ನು ಬಿಡಿಸಿ ಬಿಡಿಸಿ:

"ಆಕಿ... ಬಾಣಲೆ ಕೊಟ್ಟಾಕಿ... ತಿರುಗಿ ಬಂದ್ಲೇನವ್ವಾ?"

ಹುಡುಗಿಗೆ ಅರ್ಥವಾಗಲು ಒಂದು ಕ್ಷಣ ಹಿಡಿಯಿತು.

"ಇಲ್ಲ ಅಜ್ಜಿ" ಎಂದಳು. "ಬರಲಿಲ್ಲ."